ಆಗುಂಬೆಯಲ್ಲಿ ಮನೆ, ಅರಸಾಳಿನಲ್ಲಿ ರೈಲು

ತೀರ್ಥಹಳ್ಳಿ ತಾಲ್ಲೂಕಿನ ಒಂದು ಬೀದಿ, ಹೊಸನಗರ ತಾಲ್ಲೂಕಿನ ಒಂದು ನಿಲ್ದಾಣ. ಎರಡನ್ನೂ ಹೊಲಿದು ಇಡೀ ದೇಶ ನಂಬುವಂಥ ಊರೊಂದನ್ನು ಕಟ್ಟಿದವರು ಕಲಾ ನಿರ್ದೇಶಕ ಜಾನ್ ದೇವರಾಜ್. ಪರದೆಯ ಮೇಲೆ ಮುಖ ತೋರಿಸದ ಒಂದು ಕಸುಬಿನ ಕಥೆ ಇದು.

ಶಿವಮೊಗ್ಗದಿಂದ ತಾಳಗುಪ್ಪದ ಕಡೆಗೆ ಹೊರಟ ಗಾಡಿ ಕುಂಸಿ ಕಳೆದ ಮೇಲೆ ಕಾಡು ಹೊಗುತ್ತದೆ. ಹಳಿಯ ಎರಡೂ ಮಗ್ಗುಲಲ್ಲಿ ಮರಗಳು ಹತ್ತಿರ ಹತ್ತಿರ ಬರುತ್ತವೆ, ಬೋಗಿಯೊಳಗೆ ನೆರಳು ತುಂಬುತ್ತದೆ. ಕಾಡು ತುಸು ಸರಿದು ದಾರಿ ಬಿಟ್ಟ ಕಡೆ ಒಂದು ಸಣ್ಣ ನಿಲ್ದಾಣ. ಹೆಸರು ಅರಸಾಳು. ಹೊಸನಗರ ತಾಲ್ಲೂಕಿನ ಈ ಊರನ್ನು ನೋಡಲೆಂದೇ ಬರುವವರು ಒಂದು ಕಾಲದಲ್ಲಿ ಯಾರೂ ಇರಲಿಲ್ಲ. ರಿಪ್ಪನ್‌ಪೇಟೆ ಕಡೆಯವರು ಇಳಿಯುತ್ತಿದ್ದರು, ಹತ್ತುತ್ತಿದ್ದರು, ಅಷ್ಟೆ. ಈಗ ಇಲ್ಲಿನ ಹಳೆಯ ನಿಲ್ದಾಣದ ಕಟ್ಟಡದ ಮೇಲೆ ‘ಮಾಲ್ಗುಡಿ ಮ್ಯೂಸಿಯಂ’ ಎಂಬ ಹೆಸರಿದೆ. ಬಾಗಿಲ ಮುಂದೆ ಫೋಟೊ ತೆಗೆಸಿಕೊಳ್ಳುವವರ ಸಾಲಿದೆ.

ಮಾಲ್ಗುಡಿ ಎಂಬ ಊರು ಭೂಪಟದಲ್ಲಿಲ್ಲ. ಆರ್.ಕೆ. ನಾರಾಯಣ್ ಅದನ್ನು ಕಾಗದದ ಮೇಲೆ ಕಟ್ಟಿದರು. ‘ಸ್ವಾಮಿ ಆ್ಯಂಡ್ ಫ್ರೆಂಡ್ಸ್’ 1935ರಲ್ಲಿ ಅಚ್ಚಾದಾಗ ಆ ಊರಿಗೆ ಒಂದು ನದಿ, ಒಂದು ಶಾಲೆ, ಒಂದು ರೈಲು ನಿಲ್ದಾಣ ಇದ್ದವು. ಐವತ್ತು ವರ್ಷಗಳ ನಂತರ ಶಂಕರ್‌ನಾಗ್ ಅದಕ್ಕೆ ಕಲ್ಲು, ಹೆಂಚು, ಮಣ್ಣು ಕೊಡಲು ಹೊರಟರು. ದೂರದರ್ಶನದಲ್ಲಿ 1986ರಲ್ಲಿ ಶುರುವಾದ ‘ಮಾಲ್ಗುಡಿ ಡೇಸ್’ ಧಾರಾವಾಹಿಗೆ ಕಲಾ ನಿರ್ದೇಶಕರಾಗಿ ಅವರ ಜೊತೆ ನಿಂತವರು ಜಾನ್ ದೇವರಾಜ್. ನಿರ್ದೇಶಕರ ಹೆಸರು ಎಲ್ಲರಿಗೂ ಗೊತ್ತು. ಸ್ವಾಮಿಯಾಗಿದ್ದ ಮಾಸ್ಟರ್ ಮಂಜುನಾಥ್‌ನ ಮುಖ ಮರೆತವರಿಲ್ಲ. ಎಲ್. ವೈದ್ಯನಾಥನ್ ಅವರ ರಾಗ ಇವತ್ತಿಗೂ ಜನರ ಮೊಬೈಲ್‌ನಲ್ಲಿ ರಿಂಗಣಿಸುತ್ತದೆ. ಆದರೆ ಆ ಊರನ್ನು ಕಟ್ಟಿದ್ದು ಯಾರು ಎಂದು ಕೇಳಿದರೆ ಬಹುತೇಕರು ಸುಮ್ಮನಾಗುತ್ತಾರೆ. ಆ ಮೌನವೇ ನನ್ನನ್ನು ಈ ಬರಹಕ್ಕೆ ಹಚ್ಚಿತು.

ಕಾಣದಂತೆ ಮಾಡುವ ಕೆಲಸ

ಸಿನಿಮಾದಲ್ಲಿ ಕಣ್ಣಿಗೆ ಬೀಳುವ ಪ್ರತಿಯೊಂದು ವಸ್ತುವಿಗೂ ಯಾರೋ ಒಬ್ಬರು ಜವಾಬ್ದಾರರು. ಗೋಡೆಯ ಬಣ್ಣ, ಬಾಗಿಲ ಚಿಲಕ, ಮೇಜಿನ ಮೇಲಿನ ಮಸಿಕುಡಿಕೆ, ಅಂಗಡಿಯ ಫಲಕದ ಅಕ್ಷರ, ಮಾಡಿನ ಹೆಂಚು, ಎಲ್ಲವನ್ನೂ ಆರಿಸುವವರು ಅಥವಾ ಮಾಡಿಸುವವರು ಕಲಾ ನಿರ್ದೇಶಕರು. 1939ರ ‘ಗಾನ್ ವಿತ್ ದ ವಿಂಡ್’ ಚಿತ್ರದಲ್ಲಿ ವಿಲಿಯಂ ಕ್ಯಾಮರಾನ್ ಮೆಂಜೀಸ್ ಮಾಡಿದ ಕೆಲಸ ‘ಕಲಾ ನಿರ್ದೇಶಕ’ ಎಂಬ ಮಾತಿಗೆ ಹಿಡಿಸದಷ್ಟು ದೊಡ್ಡದಾಗಿದ್ದರಿಂದ ‘ಪ್ರೊಡಕ್ಷನ್ ಡಿಸೈನರ್’ ಎಂಬ ಹೊಸ ಹೆಸರು ಹುಟ್ಟಿತು. ಚಿತ್ರ ಹೇಗೆ ಕಾಣಬೇಕು ಎಂಬುದನ್ನು ಮೊದಲ ದಿನದಿಂದ ಕೊನೆಯವರೆಗೆ ಯೋಚಿಸುವವರು ಎಂದು ಅದರ ಅರ್ಥ.

ಈ ಕಸುಬಿನ ಕಷ್ಟವೂ ಇಲ್ಲೇ ಇದೆ. ಚೆನ್ನಾಗಿ ಮಾಡಿದರೆ ಕಾಣುವುದಿಲ್ಲ, ಕೆಟ್ಟರೆ ಮಾತ್ರ ಎಲ್ಲರಿಗೂ ಕಾಣುತ್ತದೆ. ಸತ್ಯಜಿತ್ ರಾಯ್ ಅವರ ‘ಅಪರಾಜಿತೊ’ ಚಿತ್ರದ ಬನಾರಸ್ ಮನೆಯ ಅಂಗಳವನ್ನು ಬನ್ಸಿ ಚಂದ್ರಗುಪ್ತ ಸ್ಟುಡಿಯೊ ಒಳಗೆ ಕಟ್ಟಿದ್ದರು. ಛಾಯಾಗ್ರಾಹಕ ಸುಬ್ರತ ಮಿತ್ರ ಅದಕ್ಕೆ ಆಕಾಶದ ಬೆಳಕನ್ನೇ ಹೋಲುವ ಬೆಳಕು ಕೊಟ್ಟರು. ನೋಡಿದವರಿಗೆ ಅದು ಸೆಟ್ ಎಂದು ಹೊಳೆಯಲೇ ಇಲ್ಲ. ಅವರಿಬ್ಬರ ಗೆಲುವು ಅದೇ.

ಯೂರೋಪಿನ ಒಂದು ಉದಾಹರಣೆ ಮಾಲ್ಗುಡಿಯಾದ ನಮ್ಮ ಆಗುಂಬೆಗೆ ಇನ್ನೂ ಹತ್ತಿರದ್ದು. ಮಿಲೊಷ್ ಫೋರ್ಮನ್ ಅವರ ‘ಅಮಡೇಯಸ್’ (1984) ನಡೆಯುವುದು ಹದಿನೆಂಟನೇ ಶತಮಾನದ ವಿಯೆನ್ನಾದಲ್ಲಿ. ಚಿತ್ರೀಕರಣ ನಡೆದದ್ದು ಬಹುಪಾಲು ಪ್ರಾಗ್‌ನಲ್ಲಿ. ಹೊಸ ಕಟ್ಟಡಗಳ ಹಾವಳಿ ಕಡಿಮೆಯಿದ್ದ ಪ್ರಾಗ್‌ನ ಹಳೆಯ ಬೀದಿಗಳು ಹಳೆಯ ವಿಯೆನ್ನಾ ಆಗಿ ನಿಂತವು. ಆ ಕೆಲಸಕ್ಕೆ ಪ್ಯಾಟ್ರಿಷಿಯಾ ಫಾನ್ ಬ್ರಾಂಡನ್‌ಸ್ಟೈನ್ ಜೊತೆಗೆ ಆಸ್ಕರ್ ಪಡೆದವರು ಜೆಕ್ ಕಲಾ ನಿರ್ದೇಶಕ ಕರೆಲ್ ಚೆರ್ನಿ. ಒಂದು ಊರಿನ ಕೈಯಲ್ಲಿ ಇನ್ನೊಂದು ಊರಿನ ವೇಷ ಹಾಕಿಸಬೇಕಾದರೆ ಎರಡೂ ಊರುಗಳ ಮೈಕಟ್ಟು ಬಲ್ಲವರಾಗಿರಬೇಕು. ಎಲ್ಲಿ ಮುಟ್ಟಬೇಕು ಎಂಬುದಕ್ಕಿಂತ ಎಲ್ಲಿ ಮುಟ್ಟಬಾರದು ಎಂಬುದು ತಿಳಿದಿರಬೇಕು. ಅದಾದ ಎರಡೇ ವರ್ಷಕ್ಕೆ ಮಲೆನಾಡಿನ ಒಂದು ಬೀದಿ ಅದೇ ಕೆಲಸಕ್ಕೆ ಅಣಿಯಾಯಿತು.

ಆಗುಂಬೆಯೇ ಯಾಕೆ?

ನಾರಾಯಣ್ ಅವರಿಗೆ ಸಿನಿಮಾದವರ ಬಗ್ಗೆ ಒಂದು ಹಳೆಯ ನೋವಿತ್ತು. ಅವರ ‘ದ ಗೈಡ್’ ಕಾದಂಬರಿ 1965ರಲ್ಲಿ ಹಿಂದಿ ಚಿತ್ರವಾಯಿತು. ತಮ್ಮ ಕಥೆಯ ಜಾಗಗಳು ಹೇಗಿರುತ್ತವೆ ಎಂದು ತೋರಿಸಲು ಅವರು ಚಿತ್ರತಂಡವನ್ನು ಮೈಸೂರು ಸೀಮೆಯಲ್ಲಿ ಸುತ್ತಾಡಿಸಿದರು. ಕೊನೆಗೆ ಚಿತ್ರತಂಡ ರಾಜಸ್ಥಾನಕ್ಕೆ ಹೋಯಿತು. ಮಾಲ್ಗುಡಿಯ ಜಾಗಕ್ಕೆ ಅರಮನೆಗಳ ಉದಯಪುರ ಬಂತು. ಆ ಸಂಕಟವನ್ನು ನಾರಾಯಣ್ ಪ್ರಬಂಧವೊಂದರಲ್ಲಿ ಬರೆದಿಟ್ಟಿದ್ದಾರೆ. ಊರು ತಪ್ಪಿದರೆ ಅಲ್ಲಿನ ಮನುಷ್ಯರೂ ತಪ್ಪುತ್ತಾರೆ ಎಂಬುದು ಅವರಿಗೆ ಗೊತ್ತಿತ್ತು.

ನಿರ್ಮಾಪಕ ಟಿ.ಎಸ್. ನರಸಿಂಹನ್ ಮತ್ತು ಶಂಕರ್‌ನಾಗ್ ಮಾಲ್ಗುಡಿಯನ್ನು ದಕ್ಷಿಣಕ್ಕೆ ವಾಪಸು ತಂದರು. ಅವರು ಆರಿಸಿಕೊಂಡ ಆಗುಂಬೆ ವರ್ಷಕ್ಕೆ ಸುಮಾರು 7,600 ಮಿಲಿಮೀಟರ್ ಮಳೆ ಸುರಿಯುವ ಊರು. ಶಂಕರ್‌ನಾಗ್ ಅವರಿಗೆ ಬೇಕಾಗಿದ್ದದ್ದು 1930ರ ಆಸುಪಾಸಿನ ಒಂದು ಸಣ್ಣ ಪೇಟೆ. ಸಾಲಾಗಿ ನಿಂತ ಹೆಂಚಿನ ಮನೆಗಳು, ಬೀದಿಗೆ ಮುಖಮಾಡಿದ ಜಗಲಿಗಳು, ಜಗಲಿಯ ಮೇಲೆ ಕೂತು ದಾರಿಹೋಕರನ್ನು ಮಾತಾಡಿಸುವ ಜನ. ಇದೆಲ್ಲ ಆಗುಂಬೆಯಲ್ಲಿ ಮೊದಲೇ ಇತ್ತು. ಮಳೆಯ ಹೊಡೆತಕ್ಕೆ ಕಟ್ಟಿದ ಇಳಿಜಾರು ಮಾಡುಗಳು ಕಾಲ ಕಳೆದರೂ ಆಕಾರ ಬದಲಿಸಿರಲಿಲ್ಲ.

ಊರ ನಡುವಿನ ‘ದೊಡ್ಡಮನೆ’ ಸ್ವಾಮಿಯ ಮನೆಯಾಯಿತು. ಗಟ್ಟಿಮುಟ್ಟಾದ ಮರದ ಕಂಬಗಳು, ನಡುವೆ ಆಕಾಶಕ್ಕೆ ತೆರೆದ ಅಂಗಳ, ಸುತ್ತ ಜಗಲಿ. ಅಪ್ಪನಾಗಿ ಗಿರೀಶ ಕಾರ್ನಾಡ್, ಅಮ್ಮನಾಗಿ ವೈಶಾಲಿ ಕಾಸರವಳ್ಳಿ ಆ ಮನೆಯಲ್ಲಿ ಓಡಾಡಿದರು. ಆ ದೃಶ್ಯಗಳನ್ನು ಈಗ ಮತ್ತೆ ನೋಡಿ. ಅಪ್ಪನ ಹೆಜ್ಜೆ ಸಪ್ಪಳ ಕೇಳಿದ ಕೂಡಲೇ ಸ್ವಾಮಿ ಎಲ್ಲಿಂದ ಎಲ್ಲಿಗೆ ಓಡುತ್ತಾನೆ, ಎಲ್ಲಿ ಕಂಬಕ್ಕೆ ಒರಗಿ ನಿಲ್ಲುತ್ತಾನೆ ಎಂಬುದನ್ನು ಗಮನಿಸಿ. ಅಂಗಳದ ಬೆಳಕು ಮತ್ತು ಒಳಕೋಣೆಯ ಕತ್ತಲೆಗಳ ನಡುವೆ ಹುಡುಗನ ಹೆದರಿಕೆ, ಸುಳ್ಳು, ಸಮಾಧಾನ ಎಲ್ಲಕ್ಕೂ ಒಂದೊಂದು ಮೂಲೆ ಸಿಕ್ಕಿದೆ. ಸ್ಟುಡಿಯೊದಲ್ಲಿ ಮೂರು ಗೋಡೆ ಎಬ್ಬಿಸಿದ್ದರೆ ಆ ಮೂಲೆಗಳು ಬರುತ್ತಿರಲಿಲ್ಲ. ಛಾಯಾಗ್ರಾಹಕ ಎಸ್. ರಾಮಚಂದ್ರ ಅವರ ಕ್ಯಾಮೆರಾ ಆ ಕತ್ತಲೆಯನ್ನು ಹಾಗೇ ಉಳಿಸಿತು.

ಇದ್ದ ಊರಿನಲ್ಲೇ ಚಿತ್ರೀಕರಿಸಿದರೆ ಕಲಾ ನಿರ್ದೇಶಕರಿಗೇನು ಕೆಲಸ ಎಂದು ಯಾರಾದರೂ ಕೇಳಬಹುದು. ಸೆಟ್ ಕಟ್ಟುವುದಕ್ಕಿಂತ ಇದು ಕಷ್ಟ. ಐವತ್ತು ವರ್ಷ ಹಿಂದಿನ ಬೀದಿಯಲ್ಲಿ ವಿದ್ಯುತ್ ತಂತಿ ಕಾಣಕೂಡದು. ಡಾಂಬರು ಕಂಡರೆ ಮಣ್ಣು ಹರಡಬೇಕು. ಪ್ಲಾಸ್ಟಿಕ್ ಕೊಡ, ಹೊಸ ಕಾಲದ ಜಾಹೀರಾತು ಮರೆಯಾಗಬೇಕು. ಹೊಸದಾಗಿ ಬರೆಸಿದ ಅಂಗಡಿ ಫಲಕ ಇಪ್ಪತ್ತು ಬೇಸಿಗೆಯ ಬಿಸಿಲುಂಡಂತೆ ಮಾಸಿರಬೇಕು. ನಾಳೆ ಇದೇ ಜಾಗದಲ್ಲಿ ಬೇರೆ ಕಥೆಯ ಬೇರೆ ಮನೆ ಏಳಬೇಕು. ಮೊದಲ ಸರಣಿಯಲ್ಲೇ 39 ಕಂತುಗಳು. ಒಂದರಲ್ಲಿ ಬಡ ಕುರಿಗಾಹಿಯ ಗುಡಿಸಲು, ಇನ್ನೊಂದರಲ್ಲಿ ಮಿಠಾಯಿ ಅಂಗಡಿ, ಮತ್ತೊಂದರಲ್ಲಿ ಶಾಲೆ. ನೋಡುವವರಿಗೆ ಮಾತ್ರ ಎಲ್ಲವೂ ಒಂದೇ ಊರಿನ ಬೇರೆ ಬೇರೆ ಓಣಿಗಳು ಎನಿಸಬೇಕು.

ಇದಕ್ಕೆ ಅಂಟಿಕೊಂಡೇ ಇನ್ನೊಂದು ಕಾಣದ ಕೆಲಸವಿದೆ, ಪ್ರೊಡಕ್ಷನ್ ಮ್ಯಾನೇಜರ್‌ಗಳದ್ದು. ಮೊದಲ 13 ಕಂತುಗಳನ್ನು ಇಂಗ್ಲಿಷಿನಲ್ಲೂ ಹಿಂದಿಯಲ್ಲೂ ತಯಾರಿಸಿದರು. ಅಂದರೆ ಒಂದೇ ಕಥೆಗೆ ಎರಡು ಪಟ್ಟು ದುಡಿಮೆ. ಆಗಿನ ಆಗುಂಬೆ ಎಂದರೆ ಒಂದು ಕಡೆ ಘಾಟಿಯ ತಿರುವುಗಳು, ಇನ್ನೊಂದು ಕಡೆ ತೀರ್ಥಹಳ್ಳಿ. ಸುತ್ತ ಕಾಡು. ಇಡೀ ಯೂನಿಟ್ಟಿಗೆ ಊಟ, ಹಾಸಿಗೆ, ವಾಹನ, ಜನರೇಟರ್, ಎತ್ತಿನಗಾಡಿ, ಆಡು, ಮರದ ಹಲಗೆ, ಎಲ್ಲವನ್ನೂ ಹೊತ್ತಿಗೆ ಸರಿಯಾಗಿ ಒದಗಿಸಬೇಕು. ಮಳೆ ಹಿಡಿದರೆ ತಿಂಗಳುಗಟ್ಟಲೆ ಬೀದಿಗಿಳಿಯುವಂತಿಲ್ಲ. ಊರಿನವರು ಮನೆ ಬಿಟ್ಟುಕೊಟ್ಟರು, ಸಣ್ಣಪುಟ್ಟ ಪಾತ್ರಗಳಲ್ಲಿ ತಾವೇ ನಿಂತರು. ಆಗುಂಬೆಯವರಿಗೆ ಮಾಲ್ಗುಡಿ ಇವತ್ತಿಗೂ ಮನೆಯ ಮಾತು. ಸಿನಿಮಾದವರು ಬಂದು ಹೋದ ಊರುಗಳು ಬೇಕಾದಷ್ಟಿವೆ. ಬಂದವರನ್ನು ನಲವತ್ತು ವರ್ಷ ಮನಸ್ಸಿನಲ್ಲಿಟ್ಟುಕೊಂಡ ಊರುಗಳು ಕಡಿಮೆ.

ಶಿಲ್ಪಿಯ ಕೈಗೆ ಸಿಕ್ಕ ಊರು

ಜಾನ್ ದೇವರಾಜ್ ಮೂಲತಃ ಶಿಲ್ಪಿ. ನಾಟಕ, ಸಂಗೀತಗಳಲ್ಲೂ ತೊಡಗಿಸಿಕೊಂಡವರು. ನಾರಾಯಣ್ ಕಥೆಗಳನ್ನು ಮತ್ತೆ ಓದುವಾಗ ಈ ಆಯ್ಕೆ ಎಷ್ಟು ಸರಿಯಾಗಿತ್ತು ಎಂದು ನನಗೆ ಹೊಳೆಯಿತು. ಆ ಕಥೆಗಳ ತುಂಬ ಪ್ರತಿಮೆಗಳಿವೆ. ‘ಲಾಲಿ ರೋಡ್’ ಕಥೆಯಲ್ಲಿ ಸ್ವಾತಂತ್ರ್ಯದ ಹುಮ್ಮಸ್ಸಿನಲ್ಲಿ ಸರ್ ಫ್ರೆಡರಿಕ್ ಲಾಲಿಯ ಪ್ರತಿಮೆ ಕೀಳಲು ಹೊರಟ ಪುರಸಭೆ ಕೈಸುಟ್ಟುಕೊಳ್ಳುತ್ತದೆ. ‘ಎ ಹಾರ್ಸ್ ಆ್ಯಂಡ್ ಟೂ ಗೋಟ್ಸ್’ನಲ್ಲಿ ಊರ ಹೊರಗಿನ ಮಣ್ಣಿನ ಕುದುರೆಯೇ ಕಥೆ. ಅದರ ನೆರಳಲ್ಲಿ ಕೂರುವ ಮುದುಕ ಮುನಿ, ತನಗೆ ತಿಳಿಯದೆಯೇ ಆ ಕುದುರೆಯನ್ನು ಅಮೆರಿಕದವನೊಬ್ಬನಿಗೆ ಮಾರಿಬಿಡುತ್ತಾನೆ. ‘ದ ವೆಂಡರ್ ಆಫ್ ಸ್ವೀಟ್ಸ್’ನ ಜಗನ್ ಕೊನೆಗೆ ನೆಮ್ಮದಿ ಅರಸಿ ಹೋಗುವುದು ಅರ್ಧಕ್ಕೆ ನಿಂತ ದೇವಿಯ ವಿಗ್ರಹವಿರುವ ಜಾಗಕ್ಕೆ. ಇಂಥ ಊರನ್ನು ಕಟ್ಟಲು ಬಣ್ಣದ ಪರದೆ ಎಳೆಯುವವರು ಸಾಲದು. ಮಣ್ಣು ಮತ್ತು ಕಲ್ಲು ಮನುಷ್ಯರ ನಡುವೆ ಹೇಗೆ ಕೂರುತ್ತವೆ ಎಂದು ಬಲ್ಲವರು ಬೇಕು.

ಕನ್ನಡದ ಹೊಸ ಅಲೆಯ ಸಿನಿಮಾ ಈ ಗುಟ್ಟನ್ನು ಮೊದಲಿನಿಂದಲೂ ಅರಿತಿತ್ತು. ಶೃಂಗೇರಿ ಬಳಿಯ ವೈಕುಂಠಪುರದಲ್ಲಿ ಚಿತ್ರೀಕರಣಗೊಂಡ ‘ಸಂಸ್ಕಾರ’ಕ್ಕೆ (1970) ಕಲಾ ನಿರ್ದೇಶಕರಾಗಿದ್ದವರು ಚಿತ್ರಕಾರ ಎಸ್.ಜಿ. ವಾಸುದೇವ್. ಜಿ.ವಿ. ಅಯ್ಯರ್ ಅವರ ‘ಹಂಸಗೀತೆ’ಗೆ ಚಿತ್ರದುರ್ಗದ ಬಂಡೆಗಳ ನಡುವೆ ಕಾಲವನ್ನು ಹಿಂದಕ್ಕೆ ಸರಿಸಿದವರು ಪಿ. ಕೃಷ್ಣಮೂರ್ತಿ. ಮುಂದೆ ‘ಮಧ್ವಾಚಾರ್ಯ’ ಚಿತ್ರ ಅವರಿಗೆ ರಾಷ್ಟ್ರಪ್ರಶಸ್ತಿ ತಂದಿತು. ಕುಂಚ ಹಿಡಿದವರೂ ಉಳಿ ಹಿಡಿದವರೂ ಸಿನಿಮಾಕ್ಕೆ ಬಂದಾಗ ಸ್ಥಳ ಹಿನ್ನೆಲೆಯಾಗಿ ಉಳಿಯುವುದಿಲ್ಲ, ಪಾತ್ರವಾಗಿ ಎದ್ದು ಬರುತ್ತದೆ.

ನಮ್ಮ ಕೆಳದಿ ಸೀಮೆಗೆ ಇದು ಹೊಸ ಮಾತೇನೂ ಅಲ್ಲ. ಕೆಳದಿಯ ದೇವಾಲಯದ ಮರದ ಕಂಬಗಳನ್ನು, ಮೇಲ್ಛಾವಣಿಯ ಗಂಡಭೇರುಂಡವನ್ನು ನೋಡಿದವರಿಗೆ ಈ ನೆಲದ ಕೈಗಳ ಬಲ ಗೊತ್ತು. ಇಕ್ಕೇರಿಯ ಅಘೋರೇಶ್ವರ ಗುಡಿಯ ಕಲ್ಲು, ಸಾಗರ–ಸೊರಬದ ಗುಡಿಗಾರರ ಗಂಧದ ಕೆತ್ತನೆ, ಕೆಮ್ಮಣ್ಣಿನ ಗೋಡೆಯ ಮೇಲೆ ದೀವರ ಹೆಣ್ಣುಮಕ್ಕಳು ಅಕ್ಕಿಹಿಟ್ಟಿನಲ್ಲಿ ಪುಂಡಿನಾರು ಅದ್ದಿ ಬರೆಯುವ ಹಸೆ ಚಿತ್ತಾರ. ಇವುಗಳ ಕೆಳಗೆ ಮಾಡಿದವರ ಸಹಿ ಇರುವುದಿಲ್ಲ. ಮದುವೆ ಮನೆಯಲ್ಲಿ ಎಲ್ಲರೂ ವಧೂವರರನ್ನು ನೋಡುತ್ತಾರೆ. ಅವರ ಹಿಂದಿನ ಗೋಡೆಯ ಮೇಲೆ ರಾತ್ರಿಯೆಲ್ಲ ಕೂತು ಚಿತ್ತಾರ ಬರೆದಾಕೆ ಅಡುಗೆಮನೆಯಲ್ಲಿರುತ್ತಾಳೆ. ಕಲಾ ನಿರ್ದೇಶಕರ ಬದುಕೂ ಇದಕ್ಕೆ ಬಹಳ ದೂರದ್ದಲ್ಲ.

ನೋಡುವ ಕಣ್ಣನ್ನೂ ಈ ಸೀಮೆ ಬೆಳೆಸಿದೆ. ಹೆಗ್ಗೋಡಿನಲ್ಲಿ ಕೆ.ವಿ. ಸುಬ್ಬಣ್ಣ ಅವರ ನೀನಾಸಂ 1973ರಲ್ಲಿ ಚಿತ್ರಸಮಾಜ ಕಟ್ಟಿ, ಅಡಿಕೆ ತೋಟದ ಜನಕ್ಕೆ ಜಗತ್ತಿನ ದೊಡ್ಡ ಸಿನಿಮಾಗಳನ್ನು ತೋರಿಸಿತು. ತೀರ್ಥಹಳ್ಳಿ ತಾಲ್ಲೂಕಿನ ಕೆಸಲೂರಿನಲ್ಲಿ ಹುಟ್ಟಿದ ಗಿರೀಶ್ ಕಾಸರವಳ್ಳಿ ಅವರ ಚಿತ್ರಗಳಲ್ಲಿ ಮನೆಗಳು ಮಾತಿಲ್ಲದೆಯೇ ಮಾತಾಡುತ್ತವೆ. ಸಾಗರದ ನಾ. ಡಿಸೋಜ ಅವರ ‘ದ್ವೀಪ’ವನ್ನು ಅವರು 2002ರಲ್ಲಿ ತೆರೆಗೆ ತಂದಾಗ, ಹಿನ್ನೀರು ಏರಿದಂತೆಲ್ಲ ಒಂದು ಮನೆ ಸುತ್ತಲಿನಿಂದ ಕಿರಿದಾಗುತ್ತ ಹೋಗುವುದೇ ಇಡೀ ಚಿತ್ರದ ಉಸಿರಾಯಿತು. ಶರಾವತಿಗೆ ಮನೆ ಒಪ್ಪಿಸಿ ಬಂದವರ ಮಕ್ಕಳು ಅದನ್ನು ನೋಡಿದಾಗ ಕಣ್ಣೀರಾದದ್ದು ಸಂಭಾಷಣೆಗಲ್ಲ, ಆ ಹೊಸ್ತಿಲಿಗೆ.

ಹಳೆಯ ನಿಲ್ದಾಣಕ್ಕೆ ಮರಳಿದವರು

ಮತ್ತೆ ಅರಸಾಳಿಗೆ ಬರೋಣ. ಆಗ ಇಲ್ಲಿ ಮೀಟರ್ ಗೇಜ್ ಹಳಿ ಇತ್ತು. ಮರದ ಕಿಟಕಿ, ಹೆಂಚಿನ ಮಾಡಿನ ಪುಟ್ಟ ಕಟ್ಟಡ. ಮಾಲ್ಗುಡಿಯ ರೈಲು ಬಂದು ಹೋದದ್ದು ಇಲ್ಲಿ. ‘ಸ್ವಾಮಿ’ ಕಾದಂಬರಿ ಮುಗಿಯುವುದೂ ನಿಲ್ದಾಣದಲ್ಲೇ. ಊರು ಬಿಟ್ಟು ಹೊರಟ ಗೆಳೆಯ ರಾಜಂ ಮಾತು ಬಿಟ್ಟಿದ್ದಾನೆ. ಸ್ವಾಮಿ ಆಂಡರ್ಸನ್ನನ ಕಥೆ ಪುಸ್ತಕವನ್ನು ಉಡುಗೊರೆ ತಂದಿದ್ದಾನೆ. ಗಾಡಿ ಚಲಿಸಿಬಿಡುತ್ತದೆ. ಓದಿದವರಿಗೂ ನೋಡಿದವರಿಗೂ ಗಂಟಲು ಕಟ್ಟುವ ಘಳಿಗೆ ಅದು. ಗೆಳೆತನ ಎಷ್ಟು ದೊಡ್ಡದು, ರೈಲು ಎಷ್ಟು ನಿರ್ದಯಿ ಎಂದು ತಿಳಿಯಲು ದೊಡ್ಡ ಜಂಕ್ಷನ್ ಬೇಡ. ಒಂದು ಗಾಡಿ ಹೋದರೆ ಪೂರ್ತಿ ಖಾಲಿಯಾಗುವಂಥ ನಿಲ್ದಾಣ ಬೇಕು.

ಬ್ರಾಡ್ ಗೇಜ್ ಬಂದ ಮೇಲೆ ಹಳೆಯ ಕಟ್ಟಡ ಪಾಳುಬೀಳುತ್ತಿತ್ತು. ನೈರುತ್ಯ ರೈಲ್ವೆ ಅದನ್ನು ಉಳಿಸಿ ಮ್ಯೂಸಿಯಂ ಮಾಡಲು ನಿರ್ಧರಿಸಿದಾಗ ಆ ಕೆಲಸಕ್ಕೆ ಬಂದವರು ಅದೇ ಜಾನ್ ದೇವರಾಜ್. 2020ರಲ್ಲಿ ಅದು ಜನರಿಗೆ ತೆರೆಯಿತು. ಒಳಗೆ ಮಾಲ್ಗುಡಿಯ ಕಥೆಗಳನ್ನು ನೆನಪಿಸುವ ಶಿಲ್ಪಗಳಿವೆ, ಚಿತ್ರಗಳಿವೆ. ಸೆಟ್ ಎಂಬುದು ಚಿತ್ರೀಕರಣ ಮುಗಿದ ಮರುದಿನ ಕಳಚಿ ಲಾರಿಗೆ ಏರುವ ವಸ್ತು. ತಾನು ಕಟ್ಟಿದ ಊರಿಗೆ ಮೂವತ್ತು ವರ್ಷ ದಾಟಿದ ಮೇಲೆ ಮರಳಿ ಬಂದು, ಅದೇ ಗೋಡೆಗಳನ್ನು ಉಳಿಯುವಂತೆ ಕಟ್ಟುವ ಯೋಗ ಎಷ್ಟು ಕಲಾ ನಿರ್ದೇಶಕರಿಗೆ ಬಂದೀತು!

ನಡುವಿನ ವರ್ಷಗಳಲ್ಲಿ ದೇವರಾಜ್ ನಡೆದ ದಾರಿಯೇ ಬೇರೆ. ಮಾಲ್ಗುಡಿಯ ಹೆಸರು ಹಿಡಿದು ಸಿನಿಮಾದಿಂದ ಸಿನಿಮಾಕ್ಕೆ ಹೋಗುವ ಬದಲು ಅವರು ಮಕ್ಕಳ ಕಡೆ ತಿರುಗಿದರು. ಬೆಂಗಳೂರಿನಲ್ಲಿ ‘ಬಾರ್ನ್ ಫ್ರೀ ಆರ್ಟ್ ಸ್ಕೂಲ್’ ಕಟ್ಟಿದರು. ಜೀತದಿಂದ, ಬಾಲಕಾರ್ಮಿಕತನದಿಂದ ಬಿಡುಗಡೆಯಾದ ಮಕ್ಕಳು ಅಲ್ಲಿ ಶಿಲ್ಪ, ನೃತ್ಯ, ನಾಟಕ ಕಲಿಯುತ್ತಾರೆ. ಇದು ಬೇರೆ ಕೆಲಸ ಎಂದು ನನಗೆ ಅನ್ನಿಸುವುದಿಲ್ಲ. ಸ್ವಾಮಿ ಎಂಬ ಹುಡುಗನಿಗೆ ಓಡಲು ಒಂದು ಬೀದಿ, ಅವಿತುಕೊಳ್ಳಲು ಒಂದು ಕಂಬ, ಕ್ರಿಕೆಟ್ ಆಡಲು ಒಂದು ಬಯಲು ಒದಗಿಸಿದ ಮನುಷ್ಯ, ಅವ್ಯಾವುವೂ ಸಿಗದ ಮಕ್ಕಳನ್ನು ಕಂಡಾಗ ಸುಮ್ಮನಿರುವುದು ಹೇಗೆ? ಬಾಲ್ಯಕ್ಕೂ ಒಂದು ಜಾಗ ಬೇಕು. ಅದನ್ನು ಯಾರಾದರೂ ಕೈಯಾರೆ ಕಟ್ಟಿಕೊಡಬೇಕು.

ಉಳಿಸಿಕೊಳ್ಳಬೇಕಾದದ್ದು

ಕೆಳದಿಯ ವಸ್ತುಸಂಗ್ರಹಾಲಯದಲ್ಲಿ ತಾಳೆಗರಿಗಳಿವೆ, ಕಡತಗಳಿವೆ. ಆಳಿದವರ ಕಾಲವನ್ನು ತಿಳಿಯಲು ಅವು ನಮಗೆ ದಾರಿ. ಸಿನಿಮಾ ಕೂಡ ನಮ್ಮ ಮನೆಗಳ, ಬೀದಿಗಳ, ಪಾತ್ರೆಪಗಡಗಳ ಒಂದು ಕಡತ. ಆಗುಂಬೆಯ ಬೀದಿ ಇವತ್ತು ಬದಲಾಗಿದೆ. ಹೆಂಚು ಹೋದ ಕಡೆ ತಗಡು ಬಂದಿದೆ, ಜಗಲಿಗಳಿಗೆ ಗ್ರಿಲ್ ಬಂದಿದೆ. ನಲವತ್ತು ವರ್ಷ ಹಿಂದಿನ ಮಲೆನಾಡಿನ ಪೇಟೆಬೀದಿ ಹೇಗಿತ್ತು ಎಂದು ಮೊಮ್ಮಕ್ಕಳಿಗೆ ತೋರಿಸಲು ನಮಗೆ ಉಳಿದಿರುವ ಒಳ್ಳೆಯ ದಾಖಲೆಗಳಲ್ಲಿ ಆ ಧಾರಾವಾಹಿಯೂ ಒಂದು.

ಹಾಗಿದ್ದ ಮೇಲೆ ಅದನ್ನು ಕಟ್ಟಿದವರ ನಕ್ಷೆಗಳು, ಕೈಬರಹದ ಪಟ್ಟಿಗಳು, ಸೆಟ್ಟಿನ ಫೋಟೊಗಳು, ಹಲಗೆ ಕೊಯ್ದ ಬಡಗಿಗಳ ಹೆಸರುಗಳು ಯಾಕೆ ಉಳಿಯಬಾರದು? ಇದು ‘ಮಾಲ್ಗುಡಿ’ಗೆ ಮಾತ್ರ ಸೇರಿದ ಮಾತಲ್ಲ. ಈ ಸೀಮೆಯಲ್ಲಿ ತಯಾರಾದ ಪ್ರತಿಯೊಂದು ಒಳ್ಳೆಯ ಚಿತ್ರಕ್ಕೂ ಸೇರಿದ್ದು. ಅದರಲ್ಲಿ ದುಡಿದವರು ಇನ್ನೂ ನಮ್ಮ ನಡುವೆ ಇರುವಾಗಲೇ ಅವರನ್ನು ಕೂರಿಸಿ ಕೇಳಬೇಕು, ಬರೆದಿಡಬೇಕು. ಅರಸಾಳಿನ ಮ್ಯೂಸಿಯಂ ಅದಕ್ಕೊಂದು ಮೊದಲ ಕೋಣೆ ಆಗಬಲ್ಲದು.

ನಾನು ಹೋದ ದಿನ ಅಲ್ಲಿಗೆ ಒಬ್ಬ ತಾಯಿ, ಏಳೆಂಟು ವರ್ಷದ ಮಗ ಬಂದಿದ್ದರು. ಹುಡುಗ ಒಳಗಿನದನ್ನೆಲ್ಲ ನೋಡಿ ಮುಗಿಸಿ ಪ್ಲಾಟ್‌ಫಾರ್ಮಿಗೆ ಬಂದು, ‘ಅಮ್ಮಾ, ಸ್ವಾಮಿ ಮನೆ ಎಲ್ಲಿ?’ ಎಂದ. ತಾಯಿ ಹಳಿಯಾಚೆಯ ಮರಗಳ ಕಡೆ ಕೈ ತೋರಿಸಿ, ‘ಇಲ್ಲೇ ಎಲ್ಲೋ ಹತ್ತಿರ ಇರ್ಬೇಕು ಕಣೋ. ದಿನಾ ಸ್ಟೇಷನ್ನಿಗೆ ನಡ್ಕೊಂಡೇ ಬರ್ತಿದ್ನಲ್ಲ’ ಎಂದರು.

ಸ್ವಾಮಿಯ ಮನೆ ಆಗುಂಬೆಯಲ್ಲಿದೆ. ಅರಸಾಳಿನಿಂದ ತೀರ್ಥಹಳ್ಳಿ ದಾಟಿ, ಬಸ್ಸಿನಲ್ಲಿ ಎರಡು ಗಂಟೆಗೂ ಹೆಚ್ಚಿನ ದಾರಿ. ಹೇಳಲು ಬಾಯಿ ತೆರೆದವನು ಹೇಳಲಿಲ್ಲ. ಹುಡುಗ ಆಗಲೇ ಆ ಮರಗಳ ನಡುವೆ ಒಂದು ಹೆಂಚಿನ ಮಾಡು ಹುಡುಕುತ್ತಿದ್ದ.